ಶಾಂತವೇರಿ ಗೋಪಾಲಗೌಡರು

ಕಾದಂಬರಿಯೊಂದಕ್ಕೆ ಮೂಲಪುರುಷನಾದ ವ್ಯಕ್ತಿಗೆ ಒದಗುವ ಗಂಡಾಂತರವೊಂದುಂಟು. ಕಾದಂಬರಿ ಚೆನ್ನಾಗಿದ್ದಷ್ಟೂ ಮನುಷ್ಯ ಮರೆಯಾಗುತ್ತಾನೆ. ಯು. ಆರ್. ಅನಂತಮೂರ್ತಿಯವರ ‘ಅವಸ್ಥೆ’ 1978ರಲ್ಲಿ ಹೊರಬಂತು. ಅದರ ನಾಯಕ ಕೃಷ್ಣಪ್ಪಗೌಡನ ಹಿಂದೆ ಶಾಂತವೇರಿ ಗೋಪಾಲಗೌಡರ ನೆರಳಿದೆಯೆಂಬುದು ಎಲ್ಲರೂ ಬಲ್ಲ ಸಂಗತಿ. ಈ ಕಾದಂಬರಿಯನ್ನು ಪಾಠ ಹೇಳುವಾಗ ನಾನು ಕಂಡುಕೊಂಡಿರುವುದೇನೆಂದರೆ, ವಿದ್ಯಾರ್ಥಿಗಳಿಗೆ ಕೃಷ್ಣಪ್ಪಗೌಡನ ಮನಸ್ಸಿನ ಮೂಲೆಮೂಲೆಯೂ ಗೊತ್ತು. ಆದರೆ ಗೋಪಾಲಗೌಡರು ಯಾವ ಕ್ಷೇತ್ರದಿಂದ ಆರಿಸಿಬಂದರು, ವಿಧಾನಸಭೆಯಲ್ಲಿ ಕುಳಿತು ಯಾವುದಕ್ಕಾಗಿ ವಾದಿಸಿದರು ಎಂದು ಕೇಳಿದರೆ ತರಗತಿಗೆ ತರಗತಿಯೇ ಮೌನ ತಾಳುತ್ತದೆ. ಕೃಷ್ಣಪ್ಪಗೌಡ ಅನಂತಮೂರ್ತಿಯವರ ಕಲ್ಪನೆಯ ಕೂಸು. ಅವನ ಸಂಕಟಗಳೆಲ್ಲವನ್ನೂ ಗೋಪಾಲಗೌಡರ ತಲೆಗೆ ಕಟ್ಟುವುದು ಇಬ್ಬರಿಗೂ ಅನ್ಯಾಯ. ಆ ಕಾರಣದಿಂದ, ಕಾದಂಬರಿಯನ್ನು ಬದಿಗಿರಿಸಿ, ಮನುಷ್ಯನ ಕಥೆಯನ್ನು ಅವನ ಊರಿನಿಂದ ಆರಂಭಿಸುವುದು ಲೇಸೆಂದು ನನಗೆ ತೋರುತ್ತದೆ.

ಊರು ಶಾಂತವೇರಿ. ತೀರ್ಥಹಳ್ಳಿ ತಾಲ್ಲೂಕಿನ ಆರಗದ ಆಸುಪಾಸಿನ ಹಳ್ಳಿ ಅದು. ಆರಗವೆಂದರೆ ಇಂದು ಬಸ್ಸು ನಿಂತು ಹೊರಡುವ ಒಂದು ಸಣ್ಣ ಊರು. ವಿಜಯನಗರದ ಕಾಲದಲ್ಲಿ ಅದೊಂದು ಪ್ರಾಂತದ ರಾಜಧಾನಿಯಾಗಿತ್ತು. ಅಲ್ಲಿಂದ ಆಡಳಿತ ನಡೆಸಿದವರ ಹೆಸರುಗಳು ಶಾಸನಗಳಲ್ಲಿ ಬೇಕಾದಷ್ಟಿವೆ. ಆ ಆಡಳಿತಕ್ಕೆ ಬತ್ತ ಅಳೆದುಕೊಟ್ಟವರ ಹೆಸರುಗಳು, ನಾನು ನೋಡಿದಮಟ್ಟಿಗೆ, ಎಲ್ಲಿಯೂ ಇಲ್ಲ. 1923ರ ಮಾರ್ಚ್ 14ರಂದು ಗೋಪಾಲಗೌಡರು ಹುಟ್ಟಿದ್ದು ಈ ಎರಡನೆಯ ವರ್ಗಕ್ಕೆ ಸೇರಿದ ಮನೆಯಲ್ಲಿ. ಮಲೆನಾಡಿನಲ್ಲಿ ಗೌಡರೆಂದೊಡನೆ ಚೌಕಿಮನೆ, ಕಣಜ, ಆಳುಕಾಳುಗಳು ಕಣ್ಣಮುಂದೆ ಬರುತ್ತವೆ. ಕುವೆಂಪು ಅವರ ಕಾದಂಬರಿಗಳನ್ನು ಓದಿದವರಿಗಂತೂ ಆ ಚಿತ್ರ ಮನಸ್ಸಿನಿಂದ ಅಳಿಯುವುದೇ ಇಲ್ಲ. ಆದರೆ ಎಲ್ಲ ಗೌಡರೂ ಕಣಜದ ಗೌಡರಲ್ಲ. ಗೋಪಾಲಗೌಡರದು ಬಡ ಮನೆತನ.

ತೀರ್ಥಹಳ್ಳಿಯಲ್ಲಿ ಪ್ರೌಢಶಾಲೆಯ ವಿದ್ಯಾರ್ಥಿಯಾಗಿದ್ದಾಗಲೇ 1942ರ ಚಳವಳಿ ಬಂತು. ಶಿವಮೊಗ್ಗ ಜಿಲ್ಲೆಯಲ್ಲಿ ಅದು ಎಂತಹ ಕಾವನ್ನು ಎಬ್ಬಿಸಿತೆಂಬುದನ್ನು ನೆನೆಯಬೇಕಾದರೆ ಶಿಕಾರಿಪುರ ತಾಲ್ಲೂಕಿನ ಈಸೂರಿನ ಹೆಸರೊಂದು ಸಾಕು. ಆ ಹಳ್ಳಿ ತನ್ನನ್ನು ತಾನೇ ಸ್ವತಂತ್ರವೆಂದು ಸಾರಿಕೊಂಡಿತು. ಘರ್ಷಣೆಯಲ್ಲಿ ಅಮಲ್ದಾರರೂ ಪೊಲೀಸ್ ಅಧಿಕಾರಿಯೂ ಸತ್ತರು. 1943ರ ಮಾರ್ಚಿಯಲ್ಲಿ ಊರಿನ ಐವರನ್ನು ಗಲ್ಲಿಗೇರಿಸಲಾಯಿತು. ಅಂತಹ ವಾತಾವರಣದಲ್ಲಿ ಇಪ್ಪತ್ತು ತುಂಬದ ಗೋಪಾಲಗೌಡರು ಚಳವಳಿಗೆ ಧುಮುಕಿ ಸೆರೆಮನೆ ಕಂಡರು. ಬಿಡುಗಡೆಯ ಬಳಿಕ ಓದು ಮುಂದುವರಿಯಿತಾದರೂ ಮನಸ್ಸು ಪಠ್ಯಪುಸ್ತಕದಲ್ಲಿ ಉಳಿಯಲಿಲ್ಲ. ಕಾಂಗ್ರೆಸ್ಸಿನೊಳಗಿದ್ದ ಸಮಾಜವಾದಿಗಳು 1948ರಲ್ಲಿ ಆ ಸಂಸ್ಥೆಯಿಂದ ಹೊರಬಿದ್ದು ತಮ್ಮದೇ ಪಕ್ಷ ಕಟ್ಟಿಕೊಂಡಾಗ, ಮೈಸೂರು ಸಂಸ್ಥಾನದಲ್ಲಿ ಅದರ ಬೆನ್ನಿಗೆ ನಿಂತ ತರುಣರಲ್ಲಿ ಇವರೂ ಒಬ್ಬರು.

ಇನ್ನು ಕಾಗೋಡಿನ ವಿಷಯ. ಇಲ್ಲಿ ಕೊಂಚ ನಿಲ್ಲಬೇಕು. ಗೋಪಾಲಗೌಡರ ಜೀವನದ ಉಳಿದೆಲ್ಲ ಭಾಗಗಳೂ ಈ ಒಂದು ಊರಿನ ಕಡೆಗೆ ಮುಖಮಾಡಿ ನಿಂತಿವೆಯೆಂದು ನನ್ನ ಅಭಿಪ್ರಾಯ.

ಕಾಗೋಡು ಸಾಗರ ತಾಲ್ಲೂಕಿನ ಹಳ್ಳಿ. ಅಲ್ಲಿಯ ಗದ್ದೆಗಳು ಒಡೆಯರ ಮನೆತನಕ್ಕೆ ಸೇರಿದ್ದವು. ಉತ್ತು ಬಿತ್ತುತ್ತಿದ್ದವರು ಬಹುಮಟ್ಟಿಗೆ ದೀವರ ಜನಾಂಗದ ಗೇಣಿದಾರರು. ಗೇಣಿಯನ್ನು ಹಣದಲ್ಲಿ ಕೊಡುವ ರೂಢಿಯಿರಲಿಲ್ಲ. ಇಷ್ಟು ಕೊಳಗ ಬತ್ತವೆಂದು ಅಳೆದು ಕೊಡಬೇಕು. ಕೊಳಗವೆಂಬುದು ಅಳತೆಯ ಪಾತ್ರೆ. ಪಾತ್ರೆ ಯಾರದು, ಅದರಲ್ಲಿ ಎಷ್ಟು ಸೇರು ಹಿಡಿಯುತ್ತದೆ ಎಂಬುದೇ ಜಗಳದ ಮೂಲ. ಪೇಟೆಯಲ್ಲಿ ಕುಳಿತು ಓದುವವರಿಗೆ ಇದು ಅಲ್ಪ ವಿಷಯವಾಗಿ ತೋರಬಹುದು. ಲೆಕ್ಕ ಹಾಕಿ ನೋಡಿ: ಕೊಳಗವೊಂದಕ್ಕೆ ಅರ್ಧ ಸೇರು ಹೆಚ್ಚಾದರೆ ನೂರು ಕೊಳಗದ ಗೇಣಿಗೆ ಐವತ್ತು ಸೇರು ಹೆಚ್ಚಾಯಿತು. ಮಳೆಗಾಲದ ಕೊನೆಯ ತಿಂಗಳುಗಳಲ್ಲಿ, ಹಿಂದಿನ ಫಸಲು ಮುಗಿದು ಮುಂದಿನದು ಇನ್ನೂ ಗದ್ದೆಯಲ್ಲಿರುವಾಗ, ಆ ಐವತ್ತು ಸೇರು ಒಂದು ಸಂಸಾರದ ಗಂಜಿ. ಇದರ ಮೇಲೆ ಒಡೆಯರ ಮನೆಯ ಬಿಟ್ಟಿ ಚಾಕರಿ. ಅದರ ಮೇಲೆ, ಗದ್ದೆಯಿಂದ ಯಾವಾಗ ಎಬ್ಬಿಸಿಯಾರೋ ಎಂಬ ಭಯ. ಗೇಣಿ ಚೀಟಿಯೆಂಬುದು ಇದ್ದವರಿಗುಂಟು, ಇಲ್ಲದವರಿಗಿಲ್ಲ.

ಇದೇ ಸಾಗರ ತಾಲ್ಲೂಕಿನಲ್ಲಿ ಕೆಳದಿಯೂ ಇಕ್ಕೇರಿಯೂ ಇರುವುದು ಒಂದು ವಿಚಿತ್ರ. ಹದಿನೇಳನೆಯ ಶತಮಾನದಲ್ಲಿ ಶಿವಪ್ಪನಾಯಕ ಭೂಮಿಯನ್ನು ಅದರ ಗುಣಕ್ಕೆ ತಕ್ಕಂತೆ ವಿಂಗಡಿಸಿ, ಇಂತಿಷ್ಟೇ ಕಂದಾಯವೆಂದು ಗೊತ್ತುಮಾಡಿ, ಶಿಸ್ತೆಂಬ ಮಾತಿಗೆ ಮಲೆನಾಡಿನಲ್ಲಿ ಹೊಸ ಅರ್ಥ ತಂದಿತ್ತ. ಅಳತೆ ನ್ಯಾಯವಾಗಿರಬೇಕೆಂಬ ವಿಚಾರ ಆ ಮಣ್ಣಿಗೆ ಹೊಸದಾಗಿರಲಿಲ್ಲ. ಮುನ್ನೂರು ವರ್ಷಗಳ ಮೇಲೆ ಅದನ್ನು ಕೇಳುವವರು ಮಾತ್ರ ಬೇರೆಯಾಗಿದ್ದರು.

ಸಾಗರದಲ್ಲಿ ರೈತರ ಸಂಘ ಕಟ್ಟಿ ಗೇಣಿದಾರರನ್ನು ಒಗ್ಗೂಡಿಸುವ ಕೆಲಸವನ್ನು ಗಣಪತಿಯಪ್ಪನವರು ಆಗಲೇ ಆರಂಭಿಸಿದ್ದರು. ಕಾಗೋಡಿನ ಸತ್ಯಾಗ್ರಹದ ಬಗೆಗೆ ಬರೆಯುವವರು ಅವರನ್ನು ಹಿಂದಕ್ಕೆ ಸರಿಸಿ ಗೋಪಾಲಗೌಡರನ್ನೊಬ್ಬರನ್ನೇ ಮುಂದೆ ನಿಲ್ಲಿಸುವ ವಾಡಿಕೆಯಿದೆ. ಅದು ಸಲ್ಲದು. ಬೀಜ ಬಿತ್ತಿದವರು ಗಣಪತಿಯಪ್ಪನವರು. ಗೋಪಾಲಗೌಡರೂ ಅವರ ಸಮಾಜವಾದಿ ಗೆಳೆಯರೂ ಮಾಡಿದ್ದೇನೆಂದರೆ, ಒಂದು ಹಳ್ಳಿಯ ವ್ಯಾಜ್ಯವನ್ನು ರಾಜ್ಯದ ಪ್ರಶ್ನೆಯನ್ನಾಗಿ, ಬರಬರುತ್ತ ದೇಶದ ಗಮನಕ್ಕೆ ಬರುವ ಪ್ರಶ್ನೆಯನ್ನಾಗಿ ಮಾಡಿದ್ದು. 1951ರ ಏಪ್ರಿಲಿನಲ್ಲಿ ಸತ್ಯಾಗ್ರಹ ಮೊದಲಾಯಿತು. ಗೇಣಿದಾರರು ತಂಡತಂಡವಾಗಿ ತಾವು ಉಳುತ್ತಿದ್ದ ಗದ್ದೆಗಳಿಗೆ ಇಳಿಯುವುದು, ಪೊಲೀಸರು ಹಿಡಿದುಕೊಂಡು ಹೋಗುವುದು, ಮರುದಿನ ಇನ್ನೊಂದು ತಂಡ ಇಳಿಯುವುದು. ಹೆಂಗಸರೂ ಹಿಂದೆ ಉಳಿಯಲಿಲ್ಲ. ಸ್ವಾತಂತ್ರ್ಯ ಬಂದು ನಾಲ್ಕು ವರ್ಷವೂ ತುಂಬಿರಲಿಲ್ಲ. ಸ್ವಾತಂತ್ರ್ಯಕ್ಕಾಗಿ ಸೆರೆಮನೆಗೆ ಹೋಗಿದ್ದ ತರುಣರು ಈಗ ಸ್ವತಂತ್ರ ಸರ್ಕಾರದ ಸೆರೆಮನೆಗೆ ಹೋದರು. ಜೂನ್ ತಿಂಗಳಲ್ಲಿ ಡಾಕ್ಟರ್ ರಾಮಮನೋಹರ ಲೋಹಿಯಾ ಅವರೇ ಕಾಗೋಡಿಗೆ ಬಂದು ಸತ್ಯಾಗ್ರಹದಲ್ಲಿ ಭಾಗವಹಿಸಿದರು, ಅವರನ್ನೂ ಬಂಧಿಸಲಾಯಿತು. ಗೋಪಾಲಗೌಡರ ಮೇಲೆ ಲೋಹಿಯಾರ ಪ್ರಭಾವ ಗಾಢವಾಗಿ ಬಿದ್ದದ್ದು ಈ ದಿನಗಳಿಂದ. ಕೊನೆಯವರೆಗೂ ಆ ನಿಷ್ಠೆ ಸಡಿಲವಾಗಲಿಲ್ಲ.

ಸತ್ಯಾಗ್ರಹಕ್ಕೆ ಕೂಡಲೇ ಜಯ ಸಿಕ್ಕಿತೆಂದು ಹೇಳುವಂತಿಲ್ಲ. ಗದ್ದೆಗಳು ಒಡೆಯರ ಕೈಯಲ್ಲೇ ಉಳಿದವು. ಮುಂದಿನ ಲೋಕಸಭೆಯ ಚುನಾವಣೆಯಲ್ಲಿ ಶಿವಮೊಗ್ಗದಿಂದ ಕಾಂಗ್ರೆಸ್ಸಿನ ಪರವಾಗಿ ಆರಿಸಿಹೋದವರು ಅದೇ ಕಾಗೋಡಿನ ಕೆ. ಜಿ. ಒಡೆಯರು. ಆದರೆ ಇನ್ನೊಂದು ಕಡೆ, ಸಾಗರ ಮತ್ತು ಹೊಸನಗರದ ಮತದಾರರು ಮೂವತ್ತು ವರ್ಷವೂ ತುಂಬದ ಗೋಪಾಲಗೌಡರನ್ನು ವಿಧಾನಸಭೆಗೆ ಕಳುಹಿಸಿದರು. ಒಂದೇ ನೆಲ, ಒಂದೇ ಚುನಾವಣೆಯ ಹಂಗಾಮು. ದಿಲ್ಲಿಗೆ ಜಮೀನ್ದಾರರು, ಬೆಂಗಳೂರಿಗೆ ಗೇಣಿದಾರರ ವಕೀಲ. ನಮ್ಮ ಪ್ರಜಾಪ್ರಭುತ್ವದ ಮೊದಲ ಚುನಾವಣೆಯ ಮನಸ್ಸು ಎಷ್ಟು ಗೋಜಲಾಗಿತ್ತೆಂಬುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ನನಗೆ ಹೊಳೆಯುತ್ತಿಲ್ಲ.

ಆ ಚುನಾವಣೆಯನ್ನು ಗೋಪಾಲಗೌಡರು ನಡೆಸಿದ ರೀತಿಯೂ ಹೇಳತಕ್ಕದ್ದೇ. ಕೈಯಲ್ಲಿ ಹಣವಿರಲಿಲ್ಲ. ಮತ ಕೊಡುವವರೇ ಒಂದು ನೋಟನ್ನೂ ಕೊಡಬೇಕೆಂದು ಅವರು ಕೇಳಿಕೊಂಡರು. ಒಂದು ಓಟು, ಒಂದು ನೋಟು ಎಂಬುದು ಮಲೆನಾಡಿನಲ್ಲಿ ಆ ಕಾಲದ ಗಾದೆಯಾಗಿಬಿಟ್ಟಿತು. ಇದನ್ನು ಇಂದಿನ ವಿದ್ಯಾರ್ಥಿಗಳಿಗೆ ಹೇಳಿದರೆ ಅವರು ನಗುತ್ತಾರೆ, ನೋಟು ಎತ್ತ ಕಡೆಯಿಂದ ಎತ್ತ ಕಡೆಗೆ ಹೋಗುತ್ತಿತ್ತೆಂದು ಎರಡೆರಡು ಸಲ ಕೇಳುತ್ತಾರೆ. ಅದರಲ್ಲಿ ತಮಾಷೆಗಿಂತ ಹೆಚ್ಚಿನದೊಂದು ಅಂಶವಿದೆ. ಗೇಣಿದಾರನ ಕೈಯಿಂದ ಒಂದು ರೂಪಾಯಿ ಪಡೆದು ಶಾಸಕನಾದವನು ಅವನ ಸಾಲಗಾರ. ಆ ಸಾಲವನ್ನು ಸದನದಲ್ಲಿ ತೀರಿಸಬೇಕು. ಗೋಪಾಲಗೌಡರ ವಿಧಾನಸಭೆಯ ಜೀವನವನ್ನು ಈ ದೃಷ್ಟಿಯಿಂದ ನೋಡಿದರೆ ಬಹಳಷ್ಟು ಅರ್ಥವಾಗುತ್ತದೆ.

1952ರ ಮೈಸೂರು ವಿಧಾನಸಭೆಯಲ್ಲಿದ್ದದ್ದು 99 ಸ್ಥಾನಗಳು. ಅವುಗಳಲ್ಲಿ 74 ಕಾಂಗ್ರೆಸ್ಸಿಗೆ. ಸಮಾಜವಾದಿ ಪಕ್ಷದ ಪಾಲಿಗೆ ಬಂದದ್ದು ಮೂರೇ ಮೂರು. ಮೂವರಿಂದ ಸರ್ಕಾರ ಬೀಳುವುದಿಲ್ಲ, ಮಸೂದೆ ನಿಲ್ಲುವುದಿಲ್ಲ. ಮತಕ್ಕೆ ಹಾಕಿದಾಗಲೆಲ್ಲ ಸೋಲು ಖಂಡಿತ. ಹೀಗಿರುವಾಗ ವಿರೋಧಪಕ್ಷದ ಶಾಸಕ ಮಾಡುವುದಾದರೂ ಏನು? ಅವನ ಕೈಯಲ್ಲಿರುವ ಸಲಕರಣೆಗಳು ಕೆಲವೇ: ಪ್ರಶ್ನೋತ್ತರದ ವೇಳೆ, ಆಯವ್ಯಯದ ಚರ್ಚೆ, ಬೇಡಿಕೆಗಳ ಮೇಲಿನ ಖೋತಾ ಸೂಚನೆ, ನಿಲುವಳಿ ಸೂಚನೆ, ಸರ್ಕಾರದ ನೀತಿಯನ್ನು ಸಾರುವ ಭಾಷಣಕ್ಕೆ ವಂದನೆ ಸಲ್ಲಿಸುವ ಸಂದರ್ಭ. ಈ ಸಲಕರಣೆಗಳನ್ನು ಬಳಸಲು ನಿಯಮಗಳು ತಿಳಿದಿರಬೇಕು, ಲೆಕ್ಕದ ಪುಸ್ತಕಗಳನ್ನು ರಾತ್ರಿ ಕುಳಿತು ಓದಿರಬೇಕು, ಎಲ್ಲಕ್ಕಿಂತ ಹೆಚ್ಚಾಗಿ ಮಾತು ಬರಬೇಕು. ಗೋಪಾಲಗೌಡರಿಗೆ ಮೂರೂ ಒಲಿದಿದ್ದವು. ಕಾಲೇಜಿನ ಮೆಟ್ಟಿಲನ್ನು ಬಹಳ ಏರದ ಆ ಮನುಷ್ಯ ಓದಿನಲ್ಲಿ ಯಾವ ಪ್ರಾಧ್ಯಾಪಕನಿಗೂ ಕಡಿಮೆಯಿರಲಿಲ್ಲ. ಮೂವರು ಸೋಲುವುದು ಖಂಡಿತವಾದರೂ, ಸೋಲುವ ಮೊದಲು ಮಂತ್ರಿಗಳಿಂದ ಉತ್ತರ ಹೇಳಿಸುವುದು ಸಾಧ್ಯ. ಆ ಉತ್ತರ ದಾಖಲೆಯಾಗುತ್ತದೆ. ಹಳ್ಳಿಯ ಗೇಣಿದಾರನ ದೂರು ಸರ್ಕಾರದ ದಾಖಲೆಯೊಳಕ್ಕೆ ಸೇರುವುದೇ ಆ ಕಾಲಕ್ಕೆ ಸಣ್ಣ ಗೆಲುವಾಗಿರಲಿಲ್ಲ.

ಇಲ್ಲಿ ಒಂದು ಸ್ವಾರಸ್ಯವಿದೆ. ಸದನದ ಎದುರು ಬದಿಯಲ್ಲಿ ಕಂದಾಯ ಮಂತ್ರಿಗಳಾಗಿ ಕುಳಿತಿದ್ದವರು ಕಡಿದಾಳು ಮಂಜಪ್ಪನವರು. ಅವರೂ ತೀರ್ಥಹಳ್ಳಿ ತಾಲ್ಲೂಕಿನವರೇ, ಗೋಪಾಲಗೌಡರ ಹಾಗೆಯೇ ಒಕ್ಕಲಿಗರು, ನಡತೆಯಲ್ಲಿ ಶುದ್ಧರೆಂದು ಎಲ್ಲರಿಂದಲೂ ಅನ್ನಿಸಿಕೊಂಡವರು. 1956ರಲ್ಲಿ ಕೆಲವು ವಾರಗಳ ಮಟ್ಟಿಗೆ ಮುಖ್ಯಮಂತ್ರಿಗಳೂ ಆದವರು. ಗೇಣಿದಾರರಿಗೆ ಒಂದಿಷ್ಟು ರಕ್ಷಣೆ ಕೊಡಲು ಹೊರಟ 1952ರ ಗೇಣಿ ಕಾಯಿದೆ ಅವರು ಕಂದಾಯ ಖಾತೆಯಲ್ಲಿದ್ದ ಕಾಲದ್ದು. ಒಬ್ಬರು ಕಾನೂನನ್ನು ಮೆಲ್ಲಗೆ, ತಮ್ಮ ಪಕ್ಷದ ಜಮೀನ್ದಾರರ ಮುಖ ನೋಡುತ್ತ ಮುಂದಕ್ಕೆ ಒಯ್ಯುವವರು. ಇನ್ನೊಬ್ಬರು ಅದರ ತೂತುಗಳನ್ನು ತೋರಿಸಿ, ನೆಲ ಉಳುವವನದೇ ಆಗಬೇಕೆಂದು ಹಟ ಹಿಡಿಯುವವರು. ಇಬ್ಬರಲ್ಲಿ ಯಾರು ಹೆಚ್ಚೆಂದು ತೂಗುವುದು ನನಗಿಷ್ಟವಿಲ್ಲ. ಎದುರು ಬದಿಯಲ್ಲಿ ಹಟಮಾರಿಯೊಬ್ಬನಿಲ್ಲದಿದ್ದರೆ ಮೆಲ್ಲಗೆ ನಡೆಯುವವನು ನಿಂತೇ ಬಿಡುತ್ತಾನೆಂಬುದು ಮಾತ್ರ ನಿಜ. 1961ರ ಭೂಸುಧಾರಣೆಯ ಕಾಯಿದೆಯ ಗತಿಯನ್ನೇ ನೋಡಬಹುದು. ಅದು ಜಾರಿಗೆ ಬರಲು 1965ರ ಅಕ್ಟೋಬರ್ ಬೇಕಾಯಿತು. ಬಂದಾಗಲೂ, ಸ್ವಂತ ಸಾಗುವಳಿಯ ಹೆಸರಿನಲ್ಲಿ ಒಡೆಯ ಜಮೀನನ್ನು ಹಿಂದಕ್ಕೆ ಪಡೆಯಲು ಅದರಲ್ಲಿ ಅವಕಾಶ ಉಳಿದಿತ್ತು. ಈ ನಡುವಿನ ವರ್ಷಗಳಲ್ಲಿ ಒಕ್ಕಲೆಬ್ಬಿಸಿದ ಗೇಣಿದಾರರೆಷ್ಟೋ.

ಭೂಮಿಯ ಪ್ರಶ್ನೆಯಷ್ಟೇ ಗೋಪಾಲಗೌಡರನ್ನು ಕಾಡಿದ ಇನ್ನೊಂದು ಪ್ರಶ್ನೆ ಕನ್ನಡದ್ದು. ಕನ್ನಡದ ಅಧ್ಯಾಪಕನಾದ ನಾನು ಇದರ ಬಗೆಗೆ ಹೆಚ್ಚು ಹೇಳುವುದು ಸಹಜವೆಂದು ಓದುಗರು ಮುಗುಳ್ನಗಬಹುದು. ಆದರೆ ಅವರಿಗೆ ಕನ್ನಡವೆಂಬುದು ಅಭಿಮಾನದ ಮಾತಾಗಿರಲಿಲ್ಲ, ಗೇಣಿ ಚೀಟಿಯ ಮಾತಾಗಿತ್ತು. ನ್ಯಾಯಾಲಯದ ತೀರ್ಪೂ ತಾಲ್ಲೂಕು ಕಚೇರಿಯ ಕಾಗದವೂ ಇಂಗ್ಲಿಷಿನಲ್ಲಿರುವ ತನಕ ಉಳುವವನು ತನ್ನ ಗದ್ದೆಯ ಗತಿಯನ್ನು ಇನ್ನೊಬ್ಬರ ಬಾಯಿಂದ ಕೇಳಿ ತಿಳಿಯಬೇಕು. ಆಡಳಿತ ಕನ್ನಡದಲ್ಲಿ ನಡೆಯಬೇಕೆಂದು ಅವರು ಸದನದಲ್ಲಿ ಪದೇಪದೇ ಒತ್ತಾಯಿಸಿದ್ದರ ಹಿಂದೆ ಈ ತರ್ಕವಿತ್ತು. ಇಂಗ್ಲಿಷು ಸಾರ್ವಜನಿಕ ವ್ಯವಹಾರದಿಂದ ತೊಲಗಬೇಕೆಂಬ ಲೋಹಿಯಾರ ವಾದದ ಬಲವೂ ಇತ್ತು. ಕನ್ನಡವನ್ನು ರಾಜ್ಯದ ಆಡಳಿತ ಭಾಷೆಯೆಂದು ಮಾಡುವ ಕಾಯಿದೆ 1963ರಲ್ಲಿ ಬಂತು. ಕಾಯಿದೆ ಬಂದಷ್ಟು ಸುಲಭವಾಗಿ ಕನ್ನಡ ಕಚೇರಿಗಳಿಗೆ ಬರಲಿಲ್ಲವೆಂಬುದು ಬೇರೆ ಮಾತು.

ಏಕೀಕರಣದ ಸಂದರ್ಭದಲ್ಲಿ ಅವರು ತಾಳಿದ ನಿಲುವನ್ನೂ ಇಲ್ಲಿ ಹೇಳಬೇಕು. 1955ರಲ್ಲಿ ರಾಜ್ಯ ಪುನರ್ವಿಂಗಡಣೆಯ ಆಯೋಗದ ವರದಿ ಬಂದಾಗ ಹಳೆಯ ಮೈಸೂರಿನಲ್ಲಿ ಹಲವರಿಗೆ ಉತ್ಸಾಹವಿರಲಿಲ್ಲ. ಸಂಸ್ಥಾನದ ಸಂಪತ್ತು ಹಂಚಿಹೋದೀತು, ಜಾತಿಗಳ ಬಲಾಬಲ ಬದಲಾದೀತು, ಅಧಿಕಾರ ಕೈತಪ್ಪೀತು ಎಂಬ ಅಂಜಿಕೆ ಆಳುವ ಪಕ್ಷದೊಳಗೇ ಬಲವಾಗಿತ್ತು. ಮುಖ್ಯಮಂತ್ರಿ ಕೆಂಗಲ್ ಹನುಮಂತಯ್ಯನವರು ಏಕೀಕರಣದ ಪರ ನಿಂತು ಸ್ವಪಕ್ಷದವರ ಮುನಿಸಿಗೆ ಗುರಿಯಾದರು. ಹಳೆಯ ಮೈಸೂರಿನವರೇ ಆದ, ಅದರಲ್ಲೂ ಒಕ್ಕಲಿಗರೇ ಆದ ಗೋಪಾಲಗೌಡರು ಯಾವ ಹಿಂಜರಿಕೆಯೂ ಇಲ್ಲದೆ ಏಕೀಕರಣವನ್ನು ಬೆಂಬಲಿಸಿದರು. 1956ರ ನವೆಂಬರ್ 1ರಂದು ಹೊಸ ರಾಜ್ಯ ಉದಯಿಸಿತು. ಹೆಸರು ಮಾತ್ರ ಮೈಸೂರೆಂದೇ ಉಳಿಯಿತು. ಬೀದರಿನವರೂ ಕಾರವಾರದವರೂ ಬಳ್ಳಾರಿಯವರೂ ತಮ್ಮನ್ನು ಮೈಸೂರಿನವರೆಂದು ಕರೆದುಕೊಳ್ಳಬೇಕಾದ ಪರಿಸ್ಥಿತಿ ಗೋಪಾಲಗೌಡರಿಗೆ ಅಸಂಬದ್ಧವಾಗಿ ಕಂಡಿತು. ರಾಜ್ಯಕ್ಕೆ ಕರ್ನಾಟಕವೆಂಬ ಹೆಸರೇ ಆಗಬೇಕೆಂಬ ಬೇಡಿಕೆಯನ್ನು ಅವರು ಕೈಬಿಡಲೇ ಇಲ್ಲ.

1957ರ ಚುನಾವಣೆಯಲ್ಲಿ ಅವರು ತೀರ್ಥಹಳ್ಳಿಯಿಂದ ನಿಂತು ಸೋತರು. ಗೆದ್ದವರು ಕಾಂಗ್ರೆಸ್ಸಿನ ಎ. ಆರ್. ಬದರಿನಾರಾಯಣರು. ಸಮಾಜವಾದಿಗಳಾದರೋ ಅಷ್ಟು ಹೊತ್ತಿಗೆ ಒಡೆದುಹೋಗಿದ್ದರು. ಪ್ರಜಾ ಸಮಾಜವಾದಿ ಪಕ್ಷ ಒಂದು ಕಡೆ, ಲೋಹಿಯಾರು ಕಟ್ಟಿದ ಸಮಾಜವಾದಿ ಪಕ್ಷ ಇನ್ನೊಂದು ಕಡೆ. ಆ ಪಕ್ಷದ ಚರಿತ್ರೆಯನ್ನು ಓದುವಾಗ ನನಗೆ ಬೇಸರವೇ ಆಗುತ್ತದೆ. ದೇಶದ ಅತ್ಯಂತ ಬುದ್ಧಿವಂತರು ಕೆಲವರು ಸೇರಿ ಕಟ್ಟಿದ ಸಂಸ್ಥೆ, ತತ್ತ್ವದ ಕೂದಲು ಸೀಳುತ್ತ ಸೀಳುತ್ತ ತಾನೇ ಸೀಳಿಹೋಯಿತು. ಮಲೆನಾಡಿನ ಗೇಣಿದಾರನಿಗೆ ಆ ತತ್ತ್ವಭೇದಗಳಿಂದ ಆದ ಪ್ರಯೋಜನ ಅಷ್ಟಕ್ಕಷ್ಟೆ. ಗೋಪಾಲಗೌಡರು ಲೋಹಿಯಾರೊಡನೆ ನಿಂತರು. 1962ರಲ್ಲಿ ಅದೇ ತೀರ್ಥಹಳ್ಳಿ ಅವರನ್ನು ಗೆಲ್ಲಿಸಿತು. 1967ರಲ್ಲಿ ಮತ್ತೊಮ್ಮೆ ಗೆಲ್ಲಿಸಿತು. ಆ ಎರಡನೆಯ ಸಲ ಶಿವಮೊಗ್ಗದಿಂದ ಲೋಕಸಭೆಗೆ ಹೋದವರು ಸಮಾಜವಾದಿಯಾದ ಜೆ. ಎಚ್. ಪಟೇಲರು. ಲೋಕಸಭೆಯಲ್ಲಿ ಮೊದಲು ಕನ್ನಡದಲ್ಲಿ ಮಾತನಾಡಿದವರೆಂಬ ಕೀರ್ತಿ ಅವರದು. ಸೊರಬದಿಂದ ಎಸ್. ಬಂಗಾರಪ್ಪನವರು ವಿಧಾನಸಭೆಗೆ ಬಂದದ್ದೂ ಅದೇ ವರ್ಷ. 1952ರಲ್ಲಿ ಗೇಣಿದಾರರ ನೋಟುಗಳಿಂದ ಆರಂಭವಾದ ರಾಜಕಾರಣ ಹದಿನೈದು ವರ್ಷಗಳಲ್ಲಿ ಒಂದು ಜಿಲ್ಲೆಯ ಹವಾಮಾನವನ್ನೇ ಬದಲಿಸಿತ್ತೆನ್ನಬಹುದು.

ಅದೇ 1967ರಲ್ಲಿ ಕುವೆಂಪು ಅವರ ‘ಮಲೆಗಳಲ್ಲಿ ಮದುಮಗಳು’ ಪ್ರಕಟವಾಯಿತು. ತೀರ್ಥಹಳ್ಳಿ ಸೀಮೆಯ ಒಡೆಯರೂ ಆಳುಗಳೂ ಸಮಸಮವಾಗಿ ಓಡಾಡುವ ಆ ಮಹಾಕೃತಿಯನ್ನು ಮುಂದಿಟ್ಟುಕೊಂಡು, ಅದೇ ಸೀಮೆಯ ಶಾಸಕನ ಕೆಲಸವನ್ನು ನೋಡುವ ಆಸೆ ನನಗೆ ಬಹಳ ಕಾಲದಿಂದ ಇದೆ. ಸಾಹಿತ್ಯದ ವಿದ್ಯಾರ್ಥಿಗಳು ಇದನ್ನು ಯಾರಾದರೂ ಕೈಗೆತ್ತಿಕೊಳ್ಳಬಾರದೇಕೆ?

ಸಾಹಿತಿಗಳಿಗೂ ಗೋಪಾಲಗೌಡರಿಗೂ ಇದ್ದ ನಂಟು ಹಾರ ತುರಾಯಿಯದಲ್ಲ. ರಾಜಕಾರಣಿಗಳು ಕವಿಗಳನ್ನು ಕರೆಸಿ ಶಾಲು ಹೊದಿಸುವುದು ಒಂದು ಬಗೆ. ಕವಿಗಳೊಡನೆ ಕುಳಿತು ರಾತ್ರಿಯೆಲ್ಲ ಕವಿತೆಯ ಬಗೆಗೇ ಮಾತಾಡುವುದು ಇನ್ನೊಂದು ಬಗೆ. ಇವರದು ಎರಡನೆಯದು. ಗೋಪಾಲಕೃಷ್ಣ ಅಡಿಗರು ಅವರ ಗೆಳೆಯರು. ತೀರ್ಥಹಳ್ಳಿ ತಾಲ್ಲೂಕಿನ ಮೇಳಿಗೆಯಿಂದ ಬಂದ ಅನಂತಮೂರ್ತಿಯವರು ಅವರಿಗಿಂತ ಒಂಬತ್ತು ವರ್ಷ ಚಿಕ್ಕವರು. ಹುಡುಗನಾಗಿದ್ದಾಗಿನಿಂದ ಅವರ ಸೆಳೆತಕ್ಕೆ ಒಳಗಾದವರು. ಪೂರ್ಣಚಂದ್ರ ತೇಜಸ್ವಿ, ಲಂಕೇಶ್ ಮೊದಲಾದ ತಲೆಮಾರಿನವರು ಸಮಾಜವಾದದ ಗಾಳಿಯನ್ನು ಉಸಿರಾಡಿದ್ದು ಬಹುಮಟ್ಟಿಗೆ ಈ ಕಿಟಕಿಯಿಂದ. ನವ್ಯ ಸಾಹಿತ್ಯವನ್ನು ಕುರಿತು ಬರೆಯುವಾಗ ನಾವು ಪಶ್ಚಿಮದ ಕವಿಗಳ, ವಿಚಾರವಂತರ ಪ್ರಭಾವವನ್ನು ಎಣಿಸುತ್ತೇವೆ. ಅವರ ಪಟ್ಟಿಯೇ ಉದ್ದವಾಗುತ್ತದೆ. ಆ ಲೇಖಕರಲ್ಲಿ ಹಲವರಿಗೆ ಜಾತಿ, ಭೂಮಿ, ಅಧಿಕಾರ ಎಂಬ ಮಾತುಗಳು ಪುಸ್ತಕದ ಮಾತುಗಳಾಗಿ ಉಳಿಯದೆ ಕಣ್ಣೆದುರಿನ ಸಂಗತಿಗಳಾದದ್ದು ಮಲೆನಾಡಿನ ಒಬ್ಬ ಶಾಸಕನ ಸಹವಾಸದಿಂದ ಎಂಬುದನ್ನು ಅಷ್ಟು ಒತ್ತಿ ಹೇಳುವವರು ವಿರಳ. ಸಾಹಿತ್ಯ ಚರಿತ್ರೆಯಲ್ಲಿ ಒಂದು ಪುಟವಾದರೂ ಅವರಿಗೆ ಸಲ್ಲಬೇಕು, ಅವರು ಕವಿತೆ ಬರೆದರೆಂಬ ಕಾರಣಕ್ಕಲ್ಲ.

ಗೋಪಾಲಗೌಡರನ್ನು ಹೊಗಳುವವರು ಸಾಮಾನ್ಯವಾಗಿ ಅವರ ಬಡತನದಿಂದ ಆರಂಭಿಸಿ ಬಡತನದಲ್ಲೇ ಮುಗಿಸುತ್ತಾರೆ. ಮೂರು ಸಲ ಶಾಸಕರಾಗಿಯೂ ಏನನ್ನೂ ಕೂಡಿಡಲಿಲ್ಲ, ಮಂತ್ರಿಪದವಿಯ ಕಡೆ ತಿರುಗಿ ನೋಡಲಿಲ್ಲ ಎಂಬುದು ನಿಜ. ಅದು ಸಣ್ಣ ಗುಣವೂ ಅಲ್ಲ. ಆದರೂ ಈ ಬಗೆಯ ಪ್ರಶಂಸೆ ನನಗೆ ಅಷ್ಟು ಹಿಡಿಸುವುದಿಲ್ಲ. ಒಬ್ಬ ಶಾಸಕ ಕದಿಯಲಿಲ್ಲವೆಂಬುದನ್ನೇ ಅವನ ದೊಡ್ಡ ಸಾಧನೆಯಾಗಿ ಎಣಿಸತೊಡಗಿದರೆ, ಅವನು ಮಾಡಿದ್ದೇನೆಂದು ಕೇಳುವುದನ್ನು ನಾವು ಮರೆಯುತ್ತೇವೆ. ಅವನನ್ನು ಸಂತನನ್ನಾಗಿ ಮಾಡಿ ಗೋಡೆಗೆ ತೂಗುಹಾಕುವುದು ಅವನ ವಾದವನ್ನು ಕೇಳುವುದಕ್ಕಿಂತ ಸುಲಭ. ಹಾಗೆಂದು ಅವರ ಕೊರತೆಗಳನ್ನು ಮುಚ್ಚುವುದೂ ಬೇಡ. ಅವರ ಹೆಸರಿನ ಕಾಯಿದೆಯೊಂದೂ ಇಲ್ಲ. ಜನ ಅವರನ್ನು ಪ್ರೀತಿಸಿದರು. ಆ ಪ್ರೀತಿಯನ್ನು ಅವರ ನಂತರವೂ ನಿಲ್ಲುವ ಪಕ್ಷವಾಗಿ ಕಟ್ಟುವುದು ಅವರಿಂದಾಗಲಿಲ್ಲ. ಸಂಘಟನೆಯೆಂಬುದು ದಿನನಿತ್ಯದ ನೀರಸ ಕೆಲಸ. ಅದಕ್ಕೆ ಬೇಕಾದ ತಾಳ್ಮೆ ಮಾತಿನ ಮನುಷ್ಯರಲ್ಲಿ ಇರುವುದು ಕಡಿಮೆ. ಅವರ ಶಿಷ್ಯರೆನಿಸಿದವರಲ್ಲಿ ಬಂಗಾರಪ್ಪನವರು 1990ರಲ್ಲಿ, ಪಟೇಲರು 1996ರಲ್ಲಿ ಮುಖ್ಯಮಂತ್ರಿಗಳಾದರು. ಹಾಗಾದಾಗ ಇಬ್ಬರೂ ಬೇರೆಬೇರೆ ಪಕ್ಷಗಳಲ್ಲಿದ್ದರು. ಸಮಾಜವಾದಿ ಪಕ್ಷದ ಹೆಸರು ಅಷ್ಟರಲ್ಲಿ ಮಲೆನಾಡಿನ ಹಿರಿಯರ ನೆನಪಿನಲ್ಲಷ್ಟೇ ಉಳಿದಿತ್ತು.

ಲೋಹಿಯಾರು 1967ರ ಅಕ್ಟೋಬರಿನಲ್ಲಿ ತೀರಿಕೊಂಡರು. ಗೋಪಾಲಗೌಡರ ಆರೋಗ್ಯವೂ ಕೆಲವು ವರ್ಷಗಳಲ್ಲೇ ಕೆಡುತ್ತ ಬಂತು. 1971ರಲ್ಲಿ ರಾಷ್ಟ್ರಪತಿ ಆಳ್ವಿಕೆ ಬಂದು ವಿಧಾನಸಭೆ ವಿಸರ್ಜನೆಯಾದಾಗ ಅವರ ಶಾಸಕ ಜೀವನ ಕೊನೆಗೊಂಡಿತು. ಮೊದಲ ಐದು ವರ್ಷಗಳನ್ನೂ ಕೊನೆಯ ಒಂಬತ್ತು ವರ್ಷಗಳನ್ನೂ ಕೂಡಿಸಿದರೆ ಸದನದಲ್ಲಿ ಅವರು ಕಳೆದದ್ದು ಹದಿನಾಲ್ಕು ವರ್ಷ, ಅಷ್ಟೂ ವಿರೋಧಪಕ್ಷದ ಕಡೆಯಲ್ಲಿ. 1972ರ ಮಾರ್ಚಿಯ ಚುನಾವಣೆಗೆ ನಿಲ್ಲುವ ಸ್ಥಿತಿಯಲ್ಲಿ ಅವರಿರಲಿಲ್ಲ. ಆ ಚುನಾವಣೆಯಲ್ಲಿ ಇಂದಿರಾ ಕಾಂಗ್ರೆಸ್ಸಿನ ಅಲೆ ರಾಜ್ಯವನ್ನೆಲ್ಲ ಮುಳುಗಿಸಿತು. ಹಾಗಿದ್ದರೂ ತೀರ್ಥಹಳ್ಳಿಯಿಂದ ಕೋಣಂದೂರು ಲಿಂಗಪ್ಪನವರೂ ಸಾಗರದಿಂದ ಕಾಗೋಡು ತಿಮ್ಮಪ್ಪನವರೂ ಸೊರಬದಿಂದ ಬಂಗಾರಪ್ಪನವರೂ ಸಮಾಜವಾದಿಗಳಾಗಿಯೇ ಗೆದ್ದು ಬಂದರು. ಜೂನ್ 9ರಂದು ಗೋಪಾಲಗೌಡರು ಬೆಂಗಳೂರಿನಲ್ಲಿ ಕೊನೆಯುಸಿರೆಳೆದರು. ವಯಸ್ಸು ನಲವತ್ತೊಂಬತ್ತು.

ಮರುತಿಂಗಳು, ಜುಲೈಯಲ್ಲಿ, ರಾಜ್ಯಕ್ಕೆ ಕರ್ನಾಟಕವೆಂದು ಹೆಸರಿಡಬೇಕೆಂಬ ನಿರ್ಣಯವನ್ನು ವಿಧಾನಸಭೆ ಅಂಗೀಕರಿಸಿತು. 1973ರ ನವೆಂಬರ್ 1ರಂದು ಹೆಸರು ಜಾರಿಗೆ ಬಂತು. ಮುಖ್ಯಮಂತ್ರಿ ದೇವರಾಜ ಅರಸರ ಸರ್ಕಾರ ಭೂಸುಧಾರಣೆಯ ಕಾಯಿದೆಗೆ ತಂದ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಯಾಯಿತು. ಅದರ ಪ್ರಕಾರ ಗೇಣಿಯೆಂಬ ಪದ್ಧತಿಯೇ ರದ್ದು. ಗೇಣಿ ಜಮೀನು ಸರ್ಕಾರದ್ದಾಗಿ, ಸರ್ಕಾರದಿಂದ ಉಳುವವನಿಗೆ ಬರಬೇಕು. ತಾಲ್ಲೂಕುಗಳಲ್ಲಿ ಭೂನ್ಯಾಯಮಂಡಳಿಗಳು ಕುಳಿತವು, ಗೇಣಿದಾರರು ಅರ್ಜಿ ಬರೆಸಿಕೊಂಡು ಸಾಲುಗಟ್ಟಿ ಬಂದರು. ಕಾಗೋಡಿನ ಗದ್ದೆಗಳೂ ಹೀಗೆಯೇ ಉಳುವವರ ಹೆಸರಿಗೆ ಬಂದವು. ಸತ್ಯಾಗ್ರಹ ನಡೆದು ಅಷ್ಟರಲ್ಲಿ ಇಪ್ಪತ್ತಮೂರು ವರ್ಷಗಳಾಗಿದ್ದವು. ಅಂದು ಸೆರೆಮನೆಗೆ ಹೋದವರಲ್ಲಿ ಕೆಲವರು ಅದನ್ನು ನೋಡಲು ಉಳಿದಿರಲಿಲ್ಲ.

ಬೆಂಗಳೂರಿನಲ್ಲಿ ವಿಧಾನಸೌಧದ ಸಮೀಪದ ವೃತ್ತವೊಂದಕ್ಕೆ ಗೋಪಾಲಗೌಡರ ಹೆಸರಿದೆ. ಶಿವಮೊಗ್ಗದಲ್ಲಿ ಒಂದು ಬಡಾವಣೆಗೂ ಇದೆ. ಕಾಗೋಡು ತಿಮ್ಮಪ್ಪನವರು ಮುಂದೆ ಹಲವು ಸಲ ಶಾಸಕರೂ ಮಂತ್ರಿಗಳೂ ಆಗಿ, 2013ರಿಂದ 2016ರವರೆಗೆ ವಿಧಾನಸಭೆಯ ಅಧ್ಯಕ್ಷಪೀಠದಲ್ಲಿ ಕುಳಿತಿದ್ದರು.